ಹಿಮವು ಹಾಸಿದ ಬಯಲು

ಯೂರೋಪು ಖಂಡದ ಭೂಪಟದಲ್ಲಿ ಹಾಲೆಂಡಿನಿಂದ ತೊಡಗಿ ಜರ್ಮನಿ, ಪೋಲೆಂಡುಗಳ ಮೇಲೆ ಹಾದು ರಷ್ಯದವರೆಗೂ ಹಬ್ಬಿರುವ ಹಸುರು ಬಣ್ಣದ ಪಟ್ಟಿಯನ್ನು ಶ್ರೋತೃಗಳು ನೋಡಿಯೇ ಇರುವರು. ಅದರ ನಡುಭಾಗವಾದ ಉತ್ತರ ಜರ್ಮನಿಯ ಬಯಲು ಸೀಮೆಯೇ ಈ ಉಪನ್ಯಾಸದ ವಿಷಯ. ಇದರ ಬಡಗಣ ಎಲ್ಲೆ ಉತ್ತರ ಸಮುದ್ರ ಮತ್ತು ಬಾಲ್ಟಿಕ್ ಸಮುದ್ರ. ತೆಂಕಣ ಎಲ್ಲೆ ಹಾರ್ಟ್ಸ್ ಮೊದಲಾದ ಬೆಟ್ಟಗಳ ಬುಡ. ಎಲ್ಬೆ, ಓಡರ್ ಮುಂತಾದ ನದಿಗಳು ಇದರ ಮೇಲೆ ನಿಧಾನವಾಗಿ ಹರಿಯುವುವು. ಬರ್ಲಿನ್, ಹ್ಯಾಂಬರ್ಗ್ ಮೊದಲಾದ ದೊಡ್ಡ ಪಟ್ಟಣಗಳು ಇದರ ಮೇಲೆ ಬೆಳೆದಿವೆ. ಭೂಗೋಳದ ಪಾಠಪುಸ್ತಕಗಳು ಈ ಸೀಮೆಯನ್ನು ಮೂರು ಮಾತುಗಳಲ್ಲಿ ಮುಗಿಸುವುದುಂಟು: ಸಮತಟ್ಟು, ಮರಳು, ಜೌಗು. ಬೆಟ್ಟವಿಲ್ಲದ ನೆಲಕ್ಕೆ ಹೇಳಿಕೊಳ್ಳುವಂಥ ಕಥೆಯಾದರೂ ಏನಿದ್ದೀತೆಂದು ಯಾರಿಗಾದರೂ ತೋರಬಹುದು. ಆದರೆ ಈ ಬಯಲಿಗೆ ಎರಡು ಚರಿತ್ರೆಗಳುಂಟು. ಒಂದು, ಆ ನೆಲ ಆದ ಬಗೆ. ಇನ್ನೊಂದು, ಅದು ಆದ ಬಗೆಯನ್ನು ಮನುಷ್ಯನು ಅರಿತುಕೊಂಡ ಬಗೆ. ಎರಡನೆಯದೂ ಮೊದಲನೆಯದಷ್ಟೇ ವಿಚಾರಾರ್ಹವಾದುದು.

ಕಥೆ ಕಲ್ಲುಗಳಿಂದ ಆರಂಭವಾಗುತ್ತದೆ. ನಮ್ಮ ನಾಡಿನಲ್ಲಿ ಚಿತ್ರದುರ್ಗ, ರಾಮನಗರ, ಹಂಪೆಗಳ ಕಡೆಗೆ ಹೋದವರಿಗೆ ಗುಂಡುಬಂಡೆಗಳ ರಾಶಿ ಹೊಸದಲ್ಲ. ಆ ಬಂಡೆಗಳು ಎಲ್ಲಿಂದಲೂ ಬಂದವಲ್ಲ. ಬಿಸಿಲು ಮಳೆಗಳ ಹೊಡೆತಕ್ಕೆ ದೊಡ್ಡ ಬಂಡೆಯು ಬಿರುಕು ಬಿಟ್ಟು, ಮೂಲೆಗಳು ಸವೆದು, ಇದ್ದಲ್ಲಿಯೇ ಗುಂಡಾಗಿದೆ. ಕೆಳಗೆ ತಾಯಿಬಂಡೆ, ಮೇಲೆ ಅದರ ಮಕ್ಕಳು. ಉತ್ತರ ಜರ್ಮನಿಯ ಹೊಲಗಳಲ್ಲಿಯೂ ಗುಂಡುಗಲ್ಲುಗಳು ಲೆಕ್ಕವಿಲ್ಲದಷ್ಟಿವೆ. ಕೆಲವು ತೆಂಗಿನಕಾಯಿಯಷ್ಟು, ಕೆಲವು ಮನೆಯಷ್ಟು. ಆದರೆ ಅವುಗಳ ಕೆಳಗೆ ಅಗೆದರೆ ತಾಯಿಬಂಡೆ ಸಿಕ್ಕುವುದಿಲ್ಲ. ಸಿಕ್ಕುವುದು ಮರಳು, ಜೇಡಿ, ಮತ್ತೆ ಮರಳು. ನೂರಾರು ಅಡಿಗಳ ಆಳದಲ್ಲಿ ದೊರೆಯುವ ಬಂಡೆಯಾದರೂ ಸುಣ್ಣಕಲ್ಲು, ಮರಳುಗಲ್ಲು ಮೊದಲಾದ ಬೇರೆ ಜಾತಿಯವು. ಹೊಲದಲ್ಲಿ ಬಿದ್ದಿರುವ ಗ್ರಾನೈಟ್ ಕಲ್ಲುಗಳ ಬಂಧುಗಳನ್ನು ಕಾಣಬೇಕಾದರೆ ಬಾಲ್ಟಿಕ್ ಸಮುದ್ರವನ್ನು ದಾಟಿ ಸ್ವೀಡನ್, ಫಿನ್ಲೆಂಡ್ ದೇಶಗಳಿಗೆ ಹೋಗಬೇಕು. ಹಾಗಾದರೆ ಇವನ್ನು ಕಡಲಿನಾಚೆಯಿಂದ ಹೊತ್ತು ತಂದವರು ಯಾರು?

ಜನರು ಈ ಪ್ರಶ್ನೆಗೆ ಉತ್ತರ ತಿಳಿಯುವ ಮೊದಲೇ ಕಲ್ಲುಗಳನ್ನು ಬಳಸಿಕೊಂಡರು. ಐದು ಸಾವಿರ ವರ್ಷಗಳಿಗೂ ಹಿಂದೆ ಅಲ್ಲಿನ ಬೇಸಾಯಗಾರರು ಅವನ್ನು ನಿಲ್ಲಿಸಿ, ಮೇಲೊಂದು ಚಪ್ಪಡಿಯಂತೆ ಹೊದಿಸಿ, ಸತ್ತವರಿಗೆ ಮನೆಗಳನ್ನು ಕಟ್ಟಿದರು. ನಮ್ಮ ಹಳ್ಳಿಗಳಲ್ಲಿ ಇಂಥ ಕಟ್ಟಡಗಳನ್ನು ಪಾಂಡವರ ಮನೆಗಳೆಂದೂ ಮೋರಿಯರ ಮನೆಗಳೆಂದೂ ಹೇಳುವಂತೆ, ಅಲ್ಲಿನ ಜನರು ಅವನ್ನು ದೈತ್ಯರ ಗೋರಿಗಳೆಂದು ಕರೆದರು. ಹದಿಮೂರನೆಯ ಶತಮಾನದಲ್ಲಿ ಆ ಕಲ್ಲುಗಳಿಂದಲೇ ಹಳ್ಳಿಗಳ ಇಗರ್ಜಿಗಳೆದ್ದವು. ಬರ್ಲಿನ್ನಿನ ಪೂರ್ವದಲ್ಲಿ ಫ್ಯೂರ್ಸ್ಟೆನ್‌ವಾಲ್ಡೆ ಎಂಬ ಊರಿನ ಬಳಿಯಿದ್ದ ಮಹಾಶಿಲೆಯೊಂದನ್ನು ೧೮೨೭ರಲ್ಲಿ ಸೀಳಿ, ಕಾಂಟಿಯಾನ್ ಎಂಬ ಶಿಲ್ಪಿಯು ಒಂದು ಬೃಹತ್ತಾದ ಬೋಗುಣಿಯನ್ನು ಕಡೆದನು. ಅದರ ಅಡ್ಡಳತೆ ಸುಮಾರು ೨೩ ಅಡಿ. ತೂಕ ಸುಮಾರು ೭೫ ಟನ್ನು. ೧೮೩೧ರಲ್ಲಿ ಅದನ್ನು ಬರ್ಲಿನ್ನಿನ ರಾಜ ವಸ್ತುಸಂಗ್ರಹಾಲಯದ ಮುಂದೆ ಇಟ್ಟರು. ಈಗಲೂ ಅದು ಅಲ್ಲಿದೆ. ರಾಜಧಾನಿಯ ವಿದ್ವಾಂಸರೆಲ್ಲರೂ ಅದರ ಮುಂದೆ ನಡೆದಾಡಿದರು, ಅದರ ನುಣುಪನ್ನು ಮೆಚ್ಚಿದರು. ಆದರೆ ಅಷ್ಟು ದೊಡ್ಡ ಬೋಗುಣಿಯನ್ನು ಕೊಟ್ಟ ಕಲ್ಲು ಆ ಮರಳುಗಾಡಿಗೆ ಹೇಗೆ ಬಂದಿತೆಂಬ ವಿಷಯದಲ್ಲಿ ಅವರಲ್ಲಿ ಒಮ್ಮತವಿರಲಿಲ್ಲ.

ಆಗ ಮುಖ್ಯವಾಗಿ ಎರಡು ಮತಗಳಿದ್ದುವು. ಒಂದು, ಪ್ರಳಯ ಸದೃಶವಾದ ಜಲಪ್ರವಾಹವು ಕಲ್ಲುಗಳನ್ನು ಉರುಳಿಸಿಕೊಂಡು ಬಂದಿತೆಂಬುದು. ಆ ಕಾಲದ ಜರ್ಮನಿಯಲ್ಲಿ ಭೂಗರ್ಭಶಾಸ್ತ್ರದ ಹಿರಿಯನೆಂದು ಗಣ್ಯನಾಗಿದ್ದ ಲಿಯೋಪೋಲ್ಡ್ ಫಾನ್ ಬುಖ್ ಎಂಬಾತನು ಪ್ರವಾಹದ ಪಕ್ಷದವನು. ಎರಡನೆಯದು ಇಂಗ್ಲೆಂಡಿನ ಚಾರ್ಲ್ಸ್ ಲಯಲ್ಲನ ಮತ. ಹಿಂದೆ ಈ ಬಯಲೆಲ್ಲ ಸಮುದ್ರವಾಗಿತ್ತು. ಉತ್ತರದಿಂದ ತೇಲಿಬಂದ ಹಿಮಗಡ್ಡೆಗಳು ಕರಗಿ, ತಮ್ಮಲ್ಲಿ ಹುದುಗಿದ್ದ ಕಲ್ಲುಗಳನ್ನು ತಳಕ್ಕೆ ಕೆಡವಿದವು ಎಂದು ಆತನು ವಾದಿಸಿದನು. ಈ ವಾದವನ್ನು ಹುಚ್ಚು ಕಲ್ಪನೆಯೆಂದು ತಳ್ಳುವ ಹಾಗಿರಲಿಲ್ಲ. ಕಲ್ಲುಗಳನ್ನು ಹೊತ್ತು ತೇಲುವ ಹಿಮಗಡ್ಡೆಗಳನ್ನು ನಾವಿಕರು ಅಟ್ಲಾಂಟಿಕ್ ಸಾಗರದಲ್ಲಿ ಕಣ್ಣಾರೆ ಕಂಡಿದ್ದರು. ಪ್ರತ್ಯಕ್ಷವಾಗಿ ಈಗ ನಡೆಯುತ್ತಿರುವ ಕ್ರಿಯೆಗಳಿಂದಲೇ ಹಿಂದಿನದನ್ನು ವಿವರಿಸಬೇಕೆಂಬುದು ಲಯಲ್ಲನ ನಿಯಮ. ಆ ನಿಯಮಕ್ಕೆ ಇದು ಚೆನ್ನಾಗಿ ಒಪ್ಪಿತು. ಜರ್ಮನಿಯ ವಿದ್ವಾಂಸರು ಬಹುಮಂದಿ ದಶಕಗಳ ಕಾಲ ಇದನ್ನೇ ನಂಬಿದರು.

ಮೂರನೆಯ ಮತವೊಂದು ಹುಟ್ಟಿತ್ತು. ಆದರೆ ಅದನ್ನು ಕೇಳಿದವರು ವಿರಳ. ಮೈನಿಂಗೆನ್ ಸಮೀಪದ ಒಂದು ಅರಣ್ಯಶಾಲೆಯಲ್ಲಿ ಉಪಾಧ್ಯಾಯನಾಗಿದ್ದ ಬರ್ನ್‌ಹಾರ್ಡಿ ಎಂಬಾತನು ೧೮೩೨ರಲ್ಲಿ ಒಂದು ಲೇಖನವನ್ನು ಪ್ರಕಟಿಸಿದನು. ಧ್ರುವಪ್ರದೇಶದ ಹಿಮವೇ ಒಂದು ಕಾಲದಲ್ಲಿ ಈ ಕಲ್ಲುಗಳು ಕಾಣುವ ತೆಂಕಣ ಅಂಚಿನವರೆಗೂ ನೆಲದ ಮೇಲೆ ಹರಡಿತ್ತು, ಅದೇ ಇವನ್ನು ತಂದಿತು ಎಂಬುದು ಅದರ ತಾತ್ಪರ್ಯ. ಕವಿ ಗಯಟೆಯೂ ೧೮೨೯ರ ತನ್ನ ಕಾದಂಬರಿಯೊಂದರಲ್ಲಿ ಅಂಥ ಮಹಾಶೀತಕಾಲದ ಊಹೆಯನ್ನು ಸೂಚಿಸಿದ್ದನು. ಸ್ವಿಟ್ಜರ್ಲೆಂಡಿನಲ್ಲಿ ಅಗಾಸಿಜ್ ಎಂಬ ಪಂಡಿತನು ೧೮೩೭ರಿಂದ ಹಿಮಯುಗದ ಸಿದ್ಧಾಂತವನ್ನು ಗಟ್ಟಿಯಾಗಿ ಸಾರತೊಡಗಿದನು. ಆದರೂ ಬಯಲಿನವರು ಒಪ್ಪಲಿಲ್ಲ. ಅವರ ಆಕ್ಷೇಪಣೆಯಲ್ಲಿ ಅರ್ಥವಿಲ್ಲದೆ ಇರಲಿಲ್ಲ. ಆಲ್ಪ್ಸ್ ಪರ್ವತದಲ್ಲಿ ಇಳಿಜಾರುಂಟು. ಹಿಮನದಿಯು ಅದರ ಮೇಲೆ ಜಾರಿ ಇಳಿಯಬಹುದು. ಸಮತಟ್ಟಾದ ನೆಲದ ಮೇಲೆ, ಅದರಲ್ಲಿಯೂ ಒಂದು ಕಡಲಿನ ಹಳ್ಳವನ್ನು ದಾಟಿ, ನೂರಾರು ಮೈಲಿ ಹಿಮವು ನಡೆಯುವುದು ಹೇಗೆ? ಅವರು ಕೇಳಿದ ಪ್ರಶ್ನೆ ಇದು.

ಇದಕ್ಕೆ ಸಮಾಧಾನ ಹೀಗಿದೆ. ದೋಸೆಯ ಹಿಟ್ಟನ್ನು ಕಾವಲಿಯ ನಡುವೆ ಸುರಿದರೆ ಕಾವಲಿ ಸಮತಟ್ಟಾಗಿದ್ದರೂ ಹಿಟ್ಟು ಅಂಚಿಗೆ ಹರಡುವುದು. ಅದನ್ನು ನೂಕುವುದು ಕಾವಲಿಯ ಇಳಿಜಾರಲ್ಲ; ನಡುವೆ ಏರಿದ ಹಿಟ್ಟಿನ ತೂಕವೇ. ಹಿಮವೂ ಹಾಗೆಯೇ. ಬೇಸಿಗೆಯಲ್ಲಿ ಕರಗುವುದಕ್ಕಿಂತ ಚಳಿಗಾಲದಲ್ಲಿ ಬೀಳುವುದು ಹೆಚ್ಚಾಗಿ, ಸಾವಿರಾರು ವರ್ಷ ಪದರದ ಮೇಲೆ ಪದರ ಕೂಡಿದಾಗ, ತಳದ ಹಿಮವು ತನ್ನ ಮೇಲಿನ ಭಾರಕ್ಕೆ ಮಣಿದು ಹೊರಗೆ ಸರಿಯುವುದು. ಸ್ವೀಡನ್ ನಾರ್ವೆಗಳ ಮೇಲೆ ಅದರ ದಪ್ಪ ಒಂದೂವರೆ ಮೈಲಿಯನ್ನೂ ಮೀರಿತ್ತು. ಅಂಥ ರಾಶಿಗೆ ಬಾಲ್ಟಿಕ್ ಕಡಲಿನ ತಗ್ಗು ಅಡ್ಡಿಯಾಗಲಿಲ್ಲ. ಆದರೆ ಇಂಥ ಹಿಮದ ಹಾಸನ್ನು ಜರ್ಮನಿಯ ಪಂಡಿತರು ನೋಡಿರಲಿಲ್ಲ. ನೋಡದವರಿಗೆ ಅದು ಊಹೆಗೆ ನಿಲುಕಲಿಲ್ಲ.

ಇನ್ನು ಕಥೆಯ ಮುಖ್ಯ ಘಟ್ಟ. ಬರ್ಲಿನ್ನಿನ ಪೂರ್ವಕ್ಕೆ ಸುಮಾರು ೧೬ ಮೈಲಿ ದೂರದಲ್ಲಿ ರ್‍ಯೂಡರ್ಸ್‌ಡಾರ್ಫ್ ಎಂಬ ಊರಿದೆ. ಸೀಮೆಯೆಲ್ಲ ಮರಳಿನಡಿಯಲ್ಲಿ ಹೂತಿರುವಾಗ, ಇಲ್ಲಿ ಮಾತ್ರ ಕೆಳಗಿನ ಉಪ್ಪಿನ ಪದರವು ಉಬ್ಬಿ ಮೇಲಿನ ಸುಣ್ಣಕಲ್ಲನ್ನು ನೆಲಮಟ್ಟಕ್ಕೆ ಎತ್ತಿ ಹಿಡಿದಿದೆ. ಬರ್ಲಿನ್ನಿನ ಗೋಡೆಗಳಿಗೆ ಬೇಕಾದ ಕಲ್ಲು, ಸುಣ್ಣಗಳನ್ನು ಶತಮಾನಗಳಿಂದ ಈ ಗಣಿಯೇ ಒದಗಿಸಿತು. ಮೇಲಿನ ಮಣ್ಣನ್ನು ಸರಿಸಿದಾಗ ಇಲ್ಲಿನ ಬಂಡೆಯ ಮೈ ನುಣುಪಾಗಿ, ಅದರ ಮೇಲೆ ಒಂದಕ್ಕೊಂದು ಸಮಾನಾಂತರವಾದ ಗೀರುಗಳು ಕಾಣುತ್ತಿದ್ದುವು. ೧೮೩೬ರಲ್ಲಿ ಸ್ವೀಡನ್ನಿನ ರಸಾಯನಶಾಸ್ತ್ರಜ್ಞ ಸೆಫ್‌ಸ್ಟ್ರೋಮ್ ಎಂಬಾತನು ಇಲ್ಲಿಗೆ ಬಂದು ಆ ಗೀರುಗಳನ್ನು ನೋಡಿದನು, ಗುರುತು ಹಾಕಿಕೊಂಡನು. ಆದರೆ ಆತನ ಮನಸ್ಸಿನಲ್ಲಿ ಮೊದಲೇ ನೆಲೆಯೂರಿದ್ದುದು ಪ್ರವಾಹದ ಮತ. ಕಲ್ಲುಗಳಿಂದ ತುಂಬಿದ ಮಹಾಪ್ರವಾಹವು ಹಾದುಹೋಗುತ್ತ ಬಂಡೆಯನ್ನು ಗೀರಿತು ಎಂದೇ ಆತನು ಅದನ್ನು ಓದಿದನು.

೩೯ ವರ್ಷಗಳು ಕಳೆದುವು. ೧೮೭೫ನೆಯ ನವೆಂಬರ್ ೩ರಂದು ಇನ್ನೊಬ್ಬ ಸ್ವೀಡಿಷ್ ಪಂಡಿತನು ಅದೇ ಗಣಿಗೆ ಬಂದನು. ಆತನೇ ಓಟೋ ಟೊರೆಲ್, ಸ್ವೀಡನ್ನಿನ ಭೂಗರ್ಭ ಪರಿಶೋಧನ ಇಲಾಖೆಯ ಮುಖ್ಯಸ್ಥ. ಆತನು ಐಸ್‌ಲೆಂಡ್, ಸ್ಪಿಟ್ಸ್‌ಬರ್ಗೆನ್, ಗ್ರೀನ್‌ಲೆಂಡ್‌ಗಳಿಗೆ ಹೋಗಿ, ಸಜೀವವಾದ ಹಿಮದ ಅಂಚಿನಲ್ಲಿ ನಿಂತು ಅದು ಮಾಡುವ ಕೆಲಸವನ್ನು ಕಂಡವನು. ಪ್ರವಾಹದಲ್ಲಿ ಉರುಳುವ ಕಲ್ಲು ಬಂಡೆಯನ್ನು ತಟ್ಟೀತು, ತಾನು ದುಂಡಗಾದೀತು. ಆದರೆ ನೇರವಾದ ಗೆರೆಗಳನ್ನು ಸಾಲುಸಾಲಾಗಿ ಎಳೆಯಲಾರದು. ಹಾಗೆ ಎಳೆಯಬೇಕಾದರೆ ಕಲ್ಲನ್ನು ಉಳಿಯಂತೆ ಬಿಗಿಯಾಗಿ ಹಿಡಿದು ಮೇಲಿನಿಂದ ಒತ್ತಿ ನೂಕುವ ಕೈಯೊಂದು ಬೇಕು. ಹಿಮದ ತಳದಲ್ಲಿ ಹೆಪ್ಪುಗಟ್ಟಿದ ಕಲ್ಲಿಗೆ ಮಾತ್ರ ಅಂಥ ಕೈಯುಂಟು. ಆ ದಿನವೇ ಸಂಜೆ ಬರ್ಲಿನ್ನಿನಲ್ಲಿ ಜರ್ಮನ್ ಭೂಗರ್ಭಶಾಸ್ತ್ರ ಸಂಘದ ಸಭೆಯಲ್ಲಿ ಟೊರೆಲ್ ಎದ್ದು ನಿಂತು, ಈ ಬಯಲನ್ನು ಹಾಸಿದ್ದು ಸ್ಕ್ಯಾಂಡಿನೇವಿಯದಿಂದ ನೆಲದ ಮೇಲೆ ನಡೆದು ಬಂದ ಹಿಮವೇ ಎಂದು ಪ್ರತಿಪಾದಿಸಿದನು.

ಸಭೆ ಕೂಡಲೇ ತಲೆದೂಗಲಿಲ್ಲ. ಆದರೆ ಕೆಲವೇ ವರ್ಷಗಳಲ್ಲಿ ಕಾಲ ತಿರುಗಿತು. ೧೮೭೯ರಲ್ಲಿ ಇನ್ನೂ ೨೧ ವರ್ಷದ ತರುಣನಾಗಿದ್ದ ಆಲ್ಬ್ರೆಕ್ಟ್ ಪೆಂಕ್ ಎಂಬಾತನು, ಕಲ್ಲುಮಣ್ಣಿನ ಪದರಗಳನ್ನು ಒಂದರ ಕೆಳಗೊಂದು ಪರೀಕ್ಷಿಸಿ, ಹಿಮವು ಬಂದುದು ಒಂದು ಸಲವಲ್ಲ, ಮೂರು ಸಲವೆಂದು ತೋರಿಸಿದನು. ಹಿಮವು ತಲಪಿದ ಮೂರು ಕಾಲಗಳಿಗೆ ಎಲ್ಸ್ಟರ್, ಸಾಲೆ, ವೈಕ್ಸೆಲ್ ಎಂಬ ನದಿಗಳ ಹೆಸರುಗಳು ಮುಂದೆ ಬಳಕೆಗೆ ಬಂದುವು. ೧೮೩೨ರಲ್ಲಿಯೇ ಸರಿಯಾದ ಮಾತನ್ನು ಹೇಳಿದ್ದ ಬರ್ನ್‌ಹಾರ್ಡಿ ೧೮೪೯ರಲ್ಲಿ ತೀರಿಹೋಗಿದ್ದನು; ತನ್ನ ಮಾತು ಗೆದ್ದುದನ್ನು ನೋಡುವ ಭಾಗ್ಯ ಆತನಿಗಿರಲಿಲ್ಲ.

ಈ ಕೀಲಿಕೈ ದೊರೆತ ಮೇಲೆ ಬಯಲಿನ ಒಂದೊಂದು ಉಬ್ಬುತಗ್ಗಿಗೂ ಅರ್ಥ ಬಂದಿತು. ಹಿಮದ ಹಾಸು ನಿಂತಿದ್ದಷ್ಟು ಜಾಗದಲ್ಲಿ ಅದರ ತಳದ ಜೇಡಿ, ಕಲ್ಲು, ಮರಳುಗಳು ಬೆರೆತು ಉಳಿದ ಏರಿಳಿತದ ನೆಲ ಕಾಣುವುದು. ಇಲ್ಲಿ ಬೆಳೆ ಬರುವುದು. ಅದರ ಅಂಚು ಬಹುಕಾಲ ನಿಂತಲ್ಲಿ, ನೂಕಿ ತಂದ ಕಲ್ಲುಮಣ್ಣು ದಿಬ್ಬಗಳ ಸಾಲಾಗಿ ಬಿದ್ದಿದೆ. ದಿಬ್ಬಗಳ ಮುಂದೆ, ಕರಗಿದ ನೀರು ತೊಳೆದು ಹರಡಿದ ಬರಿಯ ಮರಳು. ಇಲ್ಲಿ ಪೈನ್ ಮರಗಳ ಕಾಡು. ಇನ್ನೂ ಮುಂದೆ, ಆ ನೀರೆಲ್ಲ ಕೂಡಿ ಹರಿದ ಮಹಾನದಿಯ ಅಗಲವಾದ ಕಣಿವೆ. ಬಡಗಲಲ್ಲಿ ಹಿಮ, ತೆಂಕಲಲ್ಲಿ ಏರುವ ನೆಲ. ಇವೆರಡರ ನಡುವೆ ನೀರಿಗೆ ದಾರಿಯಿದ್ದುದು ಪಶ್ಚಿಮಕ್ಕೆ ಮಾತ್ರ. ಆದುದರಿಂದ ಅದು ಹಿಮದ ಅಂಚನ್ನು ಅನುಸರಿಸಿ ಎಲ್ಬೆಯ ಕೆಳಕಣಿವೆಯ ಮೂಲಕ ಉತ್ತರ ಸಮುದ್ರದ ಕಡೆಗೆ ಸಾಗಿತು. ಕೊನೆಯ ಹಿಮವು ಸುಮಾರು ೨೦,೦೦೦ ವರ್ಷಗಳ ಹಿಂದೆ ಬರ್ಲಿನ್ನಿನ ತೆಂಕಲಿಗೆ ಮುಟ್ಟಿ, ನಿಂತು ನಿಂತು ಹಿಂದಕ್ಕೆ ಸರಿಯಿತು. ಒಂದೊಂದು ನಿಲುಗಡೆಗೂ ಒಂದೊಂದು ಕಣಿವೆ ಹುಟ್ಟಿತು. ತೆಂಕಲಿನದು ಬಾರುಟ್, ನಡುವಿನದು ಬರ್ಲಿನ್, ಬಡಗಲಿನದು ಎಬರ್ಸ್‌ವಾಲ್ಡೆ ಊರುಗಳ ಮೇಲೆ ಹಾಯುವುದು. ಆ ಮಹಾನದಿಗಳು ಈಗಿಲ್ಲ. ಅವು ತೋಡಿದ ಹಾಸುಗೆಗಳಲ್ಲಿ ಈಗಿನ ಸಣ್ಣ ನದಿಗಳು, ದೊಡ್ಡ ಮನೆಯಲ್ಲಿ ಉಳಿದ ಬಡ ವಂಶಸ್ಥರಂತೆ, ಮಂದವಾಗಿ ಹರಿಯುತ್ತಿವೆ.

ಕೊನೆಯ ಹಿಮವು ಎಲ್ಬೆಯ ಕೆಳಹರಿವನ್ನು ದಾಟಿ ಪಶ್ಚಿಮಕ್ಕೆ ಹೋಗಲಿಲ್ಲ. ಆದುದರಿಂದ ನದಿಯ ಎರಡು ಕಡೆಗಳ ನೆಲಕ್ಕೂ ವಯಸ್ಸಿನ ಭೇದವುಂಟು. ಪೂರ್ವದ ಮೆಕ್ಲೆನ್‌ಬರ್ಗ್ ಹೊಸ ನೆಲ. ದಿಬ್ಬಗಳು ಇನ್ನೂ ಎತ್ತರವಾಗಿವೆ, ತಗ್ಗುಗಳಲ್ಲಿ ಕೆರೆಗಳು ಇನ್ನೂ ನಿಂತಿವೆ. ಪಶ್ಚಿಮದ ಲ್ಯೂನೆಬರ್ಗ್ ಸೀಮೆ ಹಿಂದಿನ ಹಿಮದ ಹಳೆಯ ನೆಲ. ಅಲ್ಲಿ ಕೆರೆಗಳು ಹೂಳಿ ಮುಚ್ಚಿವೆ, ದಿಬ್ಬಗಳು ಸವೆದಿವೆ, ಮಣ್ಣಿನ ಸಾರವನ್ನು ಮಳೆ ತೊಳೆದಿದೆ. ಕೊನೆಯ ಹಿಮವು ತಲಪದ ತೆಂಕಣ ಅಂಚಿನಲ್ಲಿಯೂ ಅದರ ಉಪಕಾರ ಕಾಣುತ್ತದೆ. ಒಣಗಿದ ಬಯಲಿನಿಂದ ಗಾಳಿಯು ಹೊತ್ತು ತಂದ ನುಣ್ಣನೆಯ ಧೂಳು ಅಲ್ಲಿ ನಿಂತು, ಮ್ಯಾಗ್ಡೆಬರ್ಗ್ ಸುತ್ತಲಿನ ಫಲವತ್ತಾದ ಕಪ್ಪು ನೆಲವಾಯಿತು. ಬಾಲ್ಟಿಕ್ ಕಡಲಂಚಿನ ಸೀಮೆಸುಣ್ಣದ ಬಂಡೆಗಳಲ್ಲಿರುವ ಚಕಮಕಿ ಕಲ್ಲನ್ನು ಹಿಮವು ದಾರಿಯುದ್ದಕ್ಕೂ ಚೆಲ್ಲಿದೆ. ಆ ಕಲ್ಲು ಸಿಕ್ಕುವ ಕೊನೆಯ ಊರುಗಳನ್ನು ಸೇರಿಸಿ ಗೆರೆಯೆಳೆದರೆ, ಹಿಮವು ಅತ್ಯಂತ ಮುಂದೆ ಬಂದ ಎಲ್ಲೆ ಕಾಣುವುದು.

ಈ ಗೆರೆಗಳ ಮೇಲೆಯೇ ಮನುಷ್ಯರ ಚರಿತ್ರೆಯೂ ಬಹುಮಟ್ಟಿಗೆ ನಡೆದಿದೆ. ಬ್ರಾಂಡೆನ್‌ಬರ್ಗ್ ಸಂಸ್ಥಾನವನ್ನು ಜರ್ಮನ್ ಸಾಮ್ರಾಜ್ಯದ ಮರಳಿನ ಡಬ್ಬಿಯೆಂದು ಹಾಸ್ಯಮಾಡುತ್ತಿದ್ದರು. ಬರೆದ ಮಸಿಯನ್ನು ಆರಿಸಲು ಮರಳು ಉದುರಿಸುತ್ತಿದ್ದ ಕಾಲದ ಮಾತು ಅದು. ನೆಲ ಬಡವಾದುದರಿಂದಲೇ ಅಲ್ಲಿನ ದೊರೆಗಳು ಜನವನ್ನೂ ನೀರನ್ನೂ ಕುರಿತು ಬಹಳ ಯೋಚಿಸಬೇಕಾಯಿತು. ೧೬೬೨ರಿಂದ ೧೬೬೯ರವರೆಗೆ ಸ್ಪ್ರೇ, ಓಡರ್ ನದಿಗಳನ್ನು ಕೂಡಿಸುವ ಕಾಲುವೆಯನ್ನು ತೋಡಿದಾಗ, ಅವರ ಶಿಲ್ಪಿಗಳು ತಿಳಿಯದೆಯೇ ಹಿಮಯುಗದ ಕಣಿವೆಯನ್ನು ಅನುಸರಿಸಿದರು. ೧೬೮೫ರಲ್ಲಿ ಫ್ರಾನ್ಸಿನಿಂದ ಮತಕಾರಣವಾಗಿ ಓಡಿಬಂದ ಪ್ರಾಟೆಸ್ಟೆಂಟರಿಗೆ ಆಶ್ರಯವಿತ್ತರು. ೧೭೪೭ರಿಂದ ೧೭೫೩ರವರೆಗೆ ಎರಡನೆಯ ಫ್ರೆಡರಿಕ್ ದೊರೆಯು ಓಡರ್‌ಬ್ರುಖ್ ಎಂಬ ಜೌಗನ್ನು ಬತ್ತಿಸಿದನು. ಗಣಿತಜ್ಞ ಆಯ್ಲರನು ಆ ಯೋಜನೆಯ ಪರೀಕ್ಷಕರಲ್ಲಿ ಒಬ್ಬ. ಹತ್ತಾರು ಹೊಸ ಹಳ್ಳಿಗಳು ಎದ್ದುವು. ಆದರೆ ಜೌಗಿನ ಮೀನನ್ನೇ ನೆಚ್ಚಿದ್ದ ಹಳೆಯ ಬೆಸ್ತರ ಕಸುಬು ಹಾಳಾಯಿತು. ನೀರು ತನ್ನ ಹಕ್ಕನ್ನು ಮರೆತಿಲ್ಲ: ೧೯೪೭ರಲ್ಲಿ ಕಟ್ಟೆಯೊಡೆದು ನೆರೆ ನುಗ್ಗಿತು, ೧೯೯೭ರಲ್ಲಿ ಬಹು ಪ್ರಯಾಸದಿಂದ ಕಟ್ಟೆಯನ್ನು ಉಳಿಸಿಕೊಂಡರು.

ಈ ಜೌಗಿನ ಪಶ್ಚಿಮದ ದಂಡೆಯಲ್ಲಿ ಹಿಮವು ಬಿಟ್ಟ ಎತ್ತರದ ನೆಲವು ಕಡಿದಾಗಿ ನಿಂತಿದೆ. ಅದಕ್ಕೆ ಸೇಲೋ ದಿಣ್ಣೆಗಳೆಂದು ಹೆಸರು. ೧೯೪೫ನೆಯ ಏಪ್ರಿಲ್ ೧೬ರಂದು ಸೋವಿಯತ್ ಸೈನ್ಯವು ಬರ್ಲಿನ್ನಿಗಾಗಿ ಓಡರ್ ನದಿಯ ಕಡೆಯಿಂದ ಏರಿಬಂದಾಗ, ಕೆಳಗಿನ ಹಸಿನೆಲದಲ್ಲಿ ಅದರ ರಥಗಳು ಹೂತವು. ಮೇಲಿನ ದಿಣ್ಣೆಗಳಿಂದ ಜರ್ಮನ್ ಫಿರಂಗಿಗಳು ಹಾರಿದವು. ದಿಣ್ಣೆಗಳನ್ನು ಹಿಡಿಯುವುದಕ್ಕೆ ನಾಲ್ಕು ದಿನ ಬೇಕಾಯಿತು. ಸಾವಿರಾರು ಯೋಧರು ಪ್ರಾಣ ತೆತ್ತರು. ಆ ಯುದ್ಧವನ್ನು ಮಾಡಿದವರು ಮನುಷ್ಯರು. ಹಿಮದ ಮೇಲೆ ಆ ಪಾಪವನ್ನು ಹೊರಿಸಲಾಗದು. ಆದರೆ ಎಲ್ಲಿ ಸಾಯಬೇಕೆಂಬುದನ್ನು ನಿರ್ಣಯಿಸಿದ್ದರಲ್ಲಿ ಹಿಮ ಬಿಟ್ಟುಹೋದ ಆ ಅಂಚಿಗೂ ಪಾಲಿತ್ತು.

ಈ ವಿಚಾರವು ಕೇವಲ ಪರದೇಶದ್ದೆಂದು ನಾವು ಬಗೆಯಬೇಕಾಗಿಲ್ಲ. ೧೮೫೬ರಲ್ಲಿ ಬ್ಲಾನ್‌ಫರ್ಡ್ ಸಹೋದರರು ಒರಿಸ್ಸದ ತಾಲ್ಚೇರ್ ಪ್ರಾಂತದಲ್ಲಿ ಜೇಡಿಗಲ್ಲಿನ ನಡುವೆ ಹುದುಗಿದ್ದ ದೊಡ್ಡ ಗುಂಡುಗಳನ್ನು ಕಂಡು, ಹಿಮದ ಕಾರ್ಯವನ್ನು ಊಹಿಸಿದ್ದರು. ೧೮೭೨ರಲ್ಲಿ, ಅಂದರೆ ಟೊರೆಲ್ ಬರ್ಲಿನ್ನಿಗೆ ಬರುವ ಮೂರು ವರ್ಷ ಮೊದಲು, ಚಂದ್ರಪುರದ ಸೀಮೆಯಲ್ಲಿ ಪೈನಗಂಗಾ ನದಿಯ ದಡದ ಇರಾಯ್ ಎಂಬಲ್ಲಿ, ಸುಣ್ಣಕಲ್ಲಿನ ಮೇಲೆ ಅಂಥವೇ ಗೀರುಗಳು ಪತ್ತೆಯಾದುವು. ಆ ಹಿಮ ಜರ್ಮನಿಯದಕ್ಕಿಂತ ಬಹಳ ಪುರಾತನವಾದುದು, ಸುಮಾರು ೩೦ ಕೋಟಿ ವರ್ಷಗಳ ಹಿಂದಿನದು. ದಕ್ಷಿಣ ಆಫ್ರಿಕ, ಆಸ್ಟ್ರೇಲಿಯ, ದಕ್ಷಿಣ ಅಮೆರಿಕಗಳಲ್ಲಿಯೂ ಅದೇ ಕಾಲದ ಗುರುತುಗಳುಂಟು. ಬರ್ಲಿನ್ನಿನಲ್ಲಿ ಹುಟ್ಟಿದ ಆಲ್ಫ್ರೆಡ್ ವೆಗೆನರ್ ಎಂಬಾತನು ೧೯೧೫ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ಈ ಭೂಭಾಗಗಳು ಒಮ್ಮೆ ಕೂಡಿದ್ದು ಬಳಿಕ ಬೇರೆಯಾದುವೆಂದು ವಾದಿಸಿದನು. ಆತನ ಮಾತನ್ನೂ ವಿದ್ವಾಂಸರು ದಶಕಗಳ ಕಾಲ ಒಪ್ಪಲಿಲ್ಲ. ಆತನು ೧೯೩೦ರಲ್ಲಿ ಗ್ರೀನ್‌ಲೆಂಡಿನ ಹಿಮದ ಹಾಸಿನ ಮೇಲೆಯೇ ಮಡಿದನು. ಭೂಖಂಡಗಳು ಚಲಿಸುವುವೆಂಬುದು ಈಗ ಪಾಠಶಾಲೆಯ ಮಕ್ಕಳಿಗೂ ಗೊತ್ತು.

ಈ ಚರಿತ್ರೆಯಲ್ಲಿ ಒಂದು ಅಂಶ ಮನಸ್ಸಿನಲ್ಲಿ ಉಳಿಯತಕ್ಕದ್ದು. ೧೮೩೧ರಲ್ಲಿ ಬೋಗುಣಿಯು ರಾಜಧಾನಿಯ ನಡುವೆ ನಿಂತಿತು. ೧೮೩೨ರಲ್ಲಿ ಬರ್ನ್‌ಹಾರ್ಡಿಯ ಲೇಖನ ಅಚ್ಚಾಯಿತು. ೧೮೩೬ರಲ್ಲಿ ಗಣಿಯ ಗೀರುಗಳನ್ನು ಒಬ್ಬ ಬಲ್ಲವನು ಕಂಡನು. ಪ್ರಶ್ನೆ, ಉತ್ತರ, ಸಾಕ್ಷ್ಯ, ಮೂರೂ ಆರು ವರ್ಷಗಳೊಳಗೆ ಒದಗಿದ್ದುವು. ಅವನ್ನು ಒಟ್ಟಿಗೆ ಇಟ್ಟು ನೋಡುವುದಕ್ಕೆ ಇನ್ನೂ ೩೯ ವರ್ಷ ಹಿಡಿಯಿತು. ಶಾಸನದ ಲಿಪಿ ಬಾರದವನಿಗೆ ಕಲ್ಲಿನ ಮೇಲೆ ಕಾಣುವುದು ಗೀಟುಗಳು ಮಾತ್ರ. ತಪ್ಪು ಲಿಪಿಯೆಂದು ಭಾವಿಸಿ ಓದುವವನು ಇಲ್ಲದ ಅರ್ಥವನ್ನು ಹೇಳುವನು. ಕಲ್ಲು ಯಾರನ್ನೂ ತಿದ್ದುವುದಿಲ್ಲ, ಕಾದಿರುತ್ತದೆ. ನಮ್ಮ ನಾಡಿನಲ್ಲಿಯೂ ಗುಡ್ಡ, ಕಣಿವೆ, ಕೆರೆಯ ಏರಿ, ಹಳ್ಳದ ದಡಗಳಲ್ಲಿ ಇಂಥ ಬರಹಗಳು ಬೇಕಾದಷ್ಟಿವೆ. ಗುರುಗಳು ಹೇಳಿದ್ದು, ಗ್ರಂಥದಲ್ಲಿದ್ದುದು ಎಂಬ ಗೌರವವನ್ನು ಬಿಡದೆಯೇ, ಒಮ್ಮೆ ಹೋಗಿ ಕಲ್ಲನ್ನೇ ನೋಡಿಬರುವ ಅಭ್ಯಾಸವನ್ನು ನಮ್ಮ ತರುಣರು ಬೆಳೆಸಿಕೊಂಡರೆ, ಇಲ್ಲಿಯ ಗೀರುಗಳು ಅಷ್ಟು ಕಾಲ ಕಾಯಬೇಕಾಗಲಾರದು.